ಗುಂಡಿಗೆ ಇಳಿಯದ ಕಾಲು

ಸಿರುಮುಗೈಯ ನಮ್ಮ ಬೀದಿಯಲ್ಲಿ ನಾನು ಇಂದಿಗೂ ಪುಸ್ತಕ ಓದಿ ಅಣ್ಣನನ್ನು ಗುಂಡಿಗೆ ಇಳಿಸಿದವಳು. ಮದುವೆಮನೆಯಲ್ಲಿ ನನ್ನ ಎಲೆಗೆ ಅನ್ನ ಬಡಿಸಿ ಮುಂದೆ ಹೋದ ಹೆಂಗಸು ಪಕ್ಕದವಳ ಕಿವಿಯಲ್ಲಿ ಹೇಳುವುದು ಇದನ್ನೇ. ಇಳಿಸಿದ್ದು ನಿಜ, ಅಲ್ಲಗಳೆಯುವುದಿಲ್ಲ. ಆದರೆ ಅದಕ್ಕೆ ಪುಸ್ತಕ ಕಾರಣ ಎನ್ನುವವರ ಮುಂದೆ ಇಷ್ಟು ವರ್ಷಗಳಲ್ಲಿ ಒಮ್ಮೆಯೂ ತಲೆ ತಗ್ಗಿಸಿಲ್ಲ. ಈಗ ಬರೆಯಲು ಕೂತದ್ದೂ ತಗ್ಗಿಸುವುದಕ್ಕಲ್ಲ.

ಎಂಬತ್ತರ ದಶಕದ ನಡುಭಾಗ. ನಮ್ಮದು ರೇಷ್ಮೆ ಸೀರೆ ನೇಯುವ ಮನೆ. ಒಳಗೆ ಕನ್ನಡ, ಹೊಸ್ತಿಲು ದಾಟಿದರೆ ತಮಿಳು, ತಲೆಮಾರುಗಳಿಂದ ಹೀಗೇ. ಕನ್ನಡದ ಅಕ್ಷರ ಮನೆಯಲ್ಲಿ ಯಾರಿಗೂ ಬರುತ್ತಿರಲಿಲ್ಲ. ನಾನು ಅದನ್ನು ಕಲಿತದ್ದು ಮೂವತ್ತು ದಾಟಿದ ಮೇಲೆ, ಕೆಲಸಕ್ಕೆಂದು ಮೈಸೂರಿಗೆ ಬಂದಾಗ. ನಡುಮನೆಯಲ್ಲಿ ಎರಡು ಮಗ್ಗಗಳಿದ್ದವು. ಬಾಗಿಲ ಬಳಿಯದು ಅಪ್ಪನದು, ಒಳಗೋಡೆಯ ಪಕ್ಕದ್ದು ಅಣ್ಣನದು. ಎರಡೂ ಗುಂಡಿ ಮಗ್ಗ. ಅಂದರೆ ನೆಲದಲ್ಲಿ ಮೊಣಕಾಲಿಗಿಂತ ಆಳವಾದ ಗುಂಡಿ ತೋಡಿರುತ್ತಾರೆ. ನೇಯುವವನು ಅದರ ಅಂಚಿನಲ್ಲಿ ಕೂತು, ಕಾಲನ್ನು ಒಳಗೆ ಇಳಿಬಿಟ್ಟು, ಅಲ್ಲಿರುವ ತುಳಿಮಣೆಗಳನ್ನು ಒತ್ತುತ್ತಾನೆ. ಬರಿಗಾಲು. ಹೊತ್ತು ಏರುತ್ತಿದ್ದಂತೆ ಕಾಲಿಗೆ ಜೋಮು ಹಿಡಿಯುತ್ತದೆ. ಎಲ್ಲ ನೇಕಾರರಿಗೂ ಹಿಡಿಯುತ್ತದೆ, ಯಾರೂ ಅದರ ಬಗ್ಗೆ ಮಾತಾಡುವುದಿಲ್ಲ.

ನಾನು ಕೊಯಮತ್ತೂರಿನ ಕಾಲೇಜಿನಲ್ಲಿ ಮನಃಶಾಸ್ತ್ರದ ವಿದ್ಯಾರ್ಥಿನಿ. ಬೇರೆ ವಿಷಯಕ್ಕೆ ಸೀಟು ಸಿಗದೆ ಸೇರಿದ್ದು. ನಮ್ಮ ಪಠ್ಯದಲ್ಲಿ ಸುಪ್ತ ಮನಸ್ಸಿಗೆ ಮೂರೇ ಪುಟ. ಪಾಠ ಮಾಡುವವರು ಅದನ್ನೂ ಪರೀಕ್ಷೆಗೆ ಬರುವುದಿಲ್ಲವೆಂದು ಹಾರಿಸಿದರು. ಹಾರಿಸಿದ್ದರಿಂದಲೇ ನನಗೆ ಆಸೆ ಹುಟ್ಟಿತು. ಉಕ್ಕಡದ ಹಳೆಯ ಪುಸ್ತಕದ ಅಂಗಡಿಗಳಲ್ಲಿ ಹುಡುಕಿ ಮೂರು ಪುಸ್ತಕ ತಂದೆ. ಒಂದಕ್ಕೆ ಹೊದಿಕೆಯೇ ಇರಲಿಲ್ಲ, ಒಂದರ ಕೊನೆಯ ಅಧ್ಯಾಯವನ್ನು ಗೆದ್ದಲು ತಿಂದಿತ್ತು. ಮೇಟ್ಟುಪಾಳಯಂ ಬಸ್ಸಿನ ಕಿಟಕಿ ಪಕ್ಕ ಕೂತು, ಅರ್ಥವಾಗದ ಸಾಲನ್ನು ಎರಡೆರಡು ಸಲ ಓದುತ್ತ, ಕಾರಮಡೈ ಬಂದದ್ದೂ ಹೋದದ್ದೂ ತಿಳಿಯದೆ ಓದಿದೆ. ನಾವು ಮರೆತದ್ದು ಎಲ್ಲಿಗೂ ಹೋಗುವುದಿಲ್ಲ ಎಂದಿತ್ತು ಅವುಗಳಲ್ಲಿ. ಕನಸು ಕೆಲಸವಿಲ್ಲದೆ ಬರುವುದಿಲ್ಲ. ಮೈಯಲ್ಲಿ ಒಂದು ದೋಷವೂ ಇಲ್ಲದೆ ಕೈ ಮರಗಟ್ಟಬಹುದು, ಕಾಲು ಹಠ ಹಿಡಿಯಬಹುದು. ಒಳಗೆ ಹೂತದ್ದು ಮಾತಾಗಿ ಹೊರಬಂದರೆ ಅದೇ ಕಾಲು ನಡೆಯಬಹುದು. ಹತ್ತೊಂಬತ್ತು ವರ್ಷದ ನನಗೆ ಇದೆಲ್ಲ ಕದ ತೆರೆದಂತೆ ಕಂಡಿತು.

ಅವ್ವನಿಗೆ ಹೇಳಿದೆ. ಅವಳು ನೂಲು ಸುತ್ತುತ್ತಿದ್ದಳು.

"ಅವ್ವಾ, ನಮಗೇ ತಿಳೀದ ಮನಸ್ಸು ಒಂದು ಒಳಗೆ ಇದೆಯಂತೆ. ನಮ್ಮನ್ನ ಕೇಳದೆ ನಮ್ಮ ಕೈಲಿ ಕೆಲಸ ಮಾಡಿಸ್ತದಂತೆ."

"ತರೀಲಿ ಕೂತವನು ಕಾಲು ನೋಡ್ಕೊಂಡಾ ತುಳಿಯೋದು? ನೋಡಿದ್ರೆ ತಪ್ಪೋಗ್ತದೆ," ಎಂದಳು ಅವ್ವ. ತರಿ ಎಂದರೆ ನಮ್ಮ ಮನೆಮಾತಲ್ಲಿ ಮಗ್ಗ. "ಇದಕ್ಕೆ ಇಂಗ್ಲೀಷ್ ಪುಸ್ತಕ ಬೇಕಾ, ನನ್ನ ಕಣ್ಣು? ನನ್ನ ಕೇಳಿದ್ರೆ ಹೇಳ್ತಿರ್ಲಿಲ್ವಾ?"

ತಮಿಳರ ಆಷಾಢವಾದ ಆಡಿ ತಿಂಗಳು ಬಂತು. ಪಾಲಘಾಟಿನ ಕಣಿವೆಯಿಂದ ಗಾಳಿ ನುಗ್ಗಿದರೆ ನಮ್ಮ ಕಡೆ ರೇಷ್ಮೆಯ ಎಳೆ ಒಣಗಿ ಪಟಪಟನೆ ಕಡಿಯುತ್ತದೆ. ಆಡಿಯಲ್ಲಿ ಮದುವೆಗಳಿಲ್ಲ, ಅದರ ಮುಂದಿನ ಆವಣಿ ತಿಂಗಳು ಹುಟ್ಟಿದ ಕೂಡಲೇ ಸಾಲು ಸಾಲು ಮದುವೆ. ಹಾಗಾಗಿ ಆವಣಿಯ ಸೀರೆಗಳೆಲ್ಲ ಆಡಿಯ ಗಾಳಿಯಲ್ಲೇ ಮಗ್ಗದಿಂದ ಇಳಿಯಬೇಕು. ಎಳೆ ಕಡಿದ ದಿನ ಅಪ್ಪ ಅಣ್ಣನನ್ನು ಬೈಯುತ್ತಿದ್ದ. ಬೈದು ಮುಗಿಸಿ ಎರಡು ಕೊಡ ನೀರು ತಂದು ಗುಂಡಿಗೆ ಸುರಿಯುತ್ತಿದ್ದ. ಒದ್ದೆ ಮಣ್ಣಿನ ತಂಪು ಮೇಲೆದ್ದು ಎಳೆಯನ್ನು ಮೆದುವಾಗಿಸುತ್ತದೆ. ಇದು ನಮ್ಮವರ ಹಳೆಯ ರೂಢಿ.

ಆ ವರ್ಷ ಮನೆಗೆ ಬಂದ ಹೊಸತೆಂದರೆ ಒಂದು ಹಳೆಯ ಮೋಟಾರು. ಕೊಯಮತ್ತೂರಿನ ಗಣಪತಿ ಬಡಾವಣೆಯ ಕಾರ್ಖಾನೆಯೊಂದರಿಂದ ಅಪ್ಪ ಅದನ್ನು ತಂದು ಹಿಂದಿನ ಕೋಣೆಯಲ್ಲಿದ್ದ ಅವ್ವನ ರಾಟೆಗೆ ಕೂಡಿಸಿದ್ದ. ಸ್ವಿಚ್ಚು ಬೀದಿಬಾಗಿಲ ಪಕ್ಕ. ಅಲ್ಲಿಂದ ಹಿಂದಿನ ಕೋಣೆಗೆ ವಯರನ್ನು ತಾನೇ ಎಳೆದ. ಯಾರೂ ಎಡವಬಾರದೆಂದು ಒಳಗೋಡೆಯ ಬುಡದಲ್ಲಿ ನೆಲ ಕೆರೆದು, ವಯರು ಮಲಗಿಸಿ, ಮೇಲೆ ಸಗಣಿ ಸಾರಿಸಿದ. ಎಲ್ಲಿ ಹೋಗಿದೆ ಎಂದು ಕಣ್ಣಿಗೆ ಕಾಣುತ್ತಿರಲಿಲ್ಲ. ಬಂದವರಿಗೆಲ್ಲ ಅದನ್ನು ತೋರಿಸುವುದೇ ಅಪ್ಪನಿಗೆ ಒಂದು ಸಂಭ್ರಮ: "ಎಲ್ಲಿದೆ ವಯರು, ಹೇಳಿ ನೋಡುವಾ?"

ಆಡಿಯ ಎರಡನೆಯ ವಾರ ಅಣ್ಣನ ಬಲಗಾಲು ಗುಂಡಿಗೆ ಇಳಿಯಲು ಒಪ್ಪಲಿಲ್ಲ.

ನಡೆದಾಡುವುದಕ್ಕೆ ಏನೂ ತೊಂದರೆ ಇರಲಿಲ್ಲ. ಸೈಕಲ್ಲಿನಲ್ಲಿ ಮೇಟ್ಟುಪಾಳಯಕ್ಕೆ ಹೋಗಿ ಬರುತ್ತಿದ್ದ. ಭವಾನಿ ಹೊಳೆಯಲ್ಲಿ ಈಜುತ್ತಿದ್ದ. ಮಗ್ಗದ ಅಂಚಿನಲ್ಲಿ ಕೂತು ಎಡಗಾಲು ಇಳಿಬಿಟ್ಟು ಬಲಗಾಲನ್ನು ಎತ್ತಿದರೆ ಅದು ಮೊಣಕಾಲಿಂದ ಕೆಳಗೆ ಕಟ್ಟಿಗೆಯಾಗುತ್ತಿತ್ತು. ಕೈಯಿಂದ ಒತ್ತಿದರೂ ಬಗ್ಗದು. ಕೆಲವು ದಿನ ಅರ್ಧ ಇಳಿಯುತ್ತಿತ್ತು, ಕೆಲವು ದಿನ ಒಂದಿಂಚೂ ಇಲ್ಲ.

"ಏನ್ ಡಾ, ಏನಾತು ಕಾಲಿಗೆ?"

"ಗೊತ್ತಿಲ್ಲೆ ಅಪ್ಪಾ. ಇಳೀತಾ ಇಲ್ಲೆ."

"ಇಳೀತಾ ಇಲ್ಲೆ ಅಂದ್ರೆ? ಎಲೆ ಅಡಿಕೆ ಇಟ್ಟು ಕರೆಯೋಕೆ ಅದೇನು ಹೊಸ ಅಳಿಯನಾ?"

ಅಪ್ಪನ ಪ್ರಕಾರ ಅದು ಸೋಮಾರಿತನ. ಮೇಟ್ಟುಪಾಳಯದ ಡಾಕ್ಟರು ಸುತ್ತಿಗೆಯಿಂದ ಮೊಣಕಾಲು ತಟ್ಟಿ, ಏನೂ ಇಲ್ಲವೆಂದು ಕೆಂಪು ಮಾತ್ರೆ ಕೊಟ್ಟರು. ಪಕ್ಕದ ಮನೆಯಲ್ಲಿದ್ದ ಸೋದರತ್ತೆ, ಅಪ್ಪನ ಅಕ್ಕ, ಹೊಳೆಯ ಹತ್ತಿರ ಏನನ್ನೋ ದಾಟಿದ್ದಾನೆ ಎಂದಳು. "ಮಧ್ಯಾಹ್ನ ಹನ್ನೆರಡಕ್ಕೆ ಈಜೋಕೆ ಹೋದ್ರೆ ಇನ್ನೇನಾಗ್ತದೆ? ಅದು ಕಾಲು ಹಿಡ್ಕೊಂಡಿದೆ." ತೊಂಡಾಮುತ್ತೂರಿನ ಕಡೆ ಒಬ್ಬ ನಾಟಿವೈದ್ಯ ಕಾಯಿಸಿದ ಕಬ್ಬಿಣದಿಂದ ಮೀನಖಂಡಕ್ಕೆ ಮೂರು ಬರೆ ಎಳೆಯುತ್ತಾನೆ, ಎಂಥ ಕಾಲೂ ಎದ್ದು ಓಡುತ್ತದೆ ಎಂದಳು. ಅಪ್ಪನಿಗೆ ಅದು ಸರಿ ಕಂಡಿತು. ಆಡಿ ಅಮಾವಾಸ್ಯೆಗೆ ಕರೆದೊಯ್ಯುವುದೆಂದು ತೀರ್ಮಾನವಾಯಿತು. ಒಂಬತ್ತು ದಿನ ಉಳಿದಿತ್ತು. ಅಂಥ ಬರೆ ಹಾಕಿಸಿಕೊಂಡ ಒಬ್ಬರು ನಮ್ಮ ಬೀದಿಯಲ್ಲೇ ಇದ್ದರು. ಅವರ ಕಾಲಿನ ಗಾಯ ಕೀವು ಕಟ್ಟಿ ಮೂಳೆಗೆ ಹತ್ತಿ, ಆಮೇಲೆ ಅವರು ಕೋಲೂರಿಯೇ ನಡೆದದ್ದು. ಅಣ್ಣನಿಗೆ ಇಪ್ಪತ್ನಾಲ್ಕು ವರ್ಷ.

ಆ ಒಂಬತ್ತು ದಿನಗಳೊಳಗೆ ಅಣ್ಣನ ಕಾಲನ್ನು ನಾನು ಉಳಿಸಬೇಕಿತ್ತು. ಬೇರೆ ಯಾರು ಉಳಿಸುತ್ತಿದ್ದರು? ಕಾಲಿಗೂ ಒಂದು ಕಾರಣ ಇರಬಹುದೆಂದು ಆ ಮನೆಯಲ್ಲಿ ಯೋಚಿಸಿದವಳು ನಾನೊಬ್ಬಳೇ.

ಸಂಜೆ ಹೊಳೆಯ ಕಲ್ಲುಗಳ ಮೇಲೆ ಕೂತು ಅಣ್ಣನನ್ನು ಕೇಳುತ್ತ ಹೋದೆ. ಪುಸ್ತಕದಲ್ಲಿ ಹೇಳಿದ್ದಂತೆ ನಡುವೆ ಬಾಯಿ ಹಾಕದೆ, ಅವನು ಹೇಳಿದ್ದನ್ನೆಲ್ಲ ಬರೆದುಕೊಂಡೆ.

"ಕನಸು ಬೀಳ್ತದಾ?"

"ಬೀಳ್ತದೆ. ತರಿ ಕುಣೀಲಿ ಕೂತಿರ್ತೀನಿ, ಕಾಲಿಗೆ ಇರುವೆ ಹತ್ತುತ್ತೆ. ಸಣ್ಣ ಇರುವೆ, ಸಾವಿರಾರು. ಒದರಿದ್ರೂ ಹೋಗಲ್ಲ."

"ಇರುವೆ ಅಂದ್ರೆ ಏನು ನೆನಪಾಗ್ತದೆ?"

"ಇರುವೇನೇ ನೆನಪಾಗ್ತದೆ. ಏನು ಕೇಳ್ತೀಯಾ ತಂಗಚ್ಚಿ ನೀನು?" ಎಂದು ನಕ್ಕ.

ನನಗೆ ನಗು ಬರಲಿಲ್ಲ. ಇರುವೆ ಎಂದರೆ ಅಪ್ಪನ ಮಾತು ಎಂದು ಬರೆದುಕೊಂಡೆ. ಸಣ್ಣಗೆ ಕಚ್ಚುವ, ಎಣಿಸಲಾಗದ, ಒದರಿದರೂ ಹೋಗದ ಮಾತು. ಆಮೇಲೆ ದಿನಗಳ ಪಟ್ಟಿ ಮಾಡಿದೆ. ಕಾಲು ಪೂರ್ತಿ ಹಠ ಹಿಡಿದ ದಿನಗಳು ಒಂದು ಕಡೆ, ಅಪ್ಪ ಬೈದ ದಿನಗಳು ಇನ್ನೊಂದು ಕಡೆ. ಎರಡೂ ಒಂದೇ! ಒಂದು ದಿನವೂ ತಪ್ಪಿಲ್ಲ. ಪುಸ್ತಕದಲ್ಲಿದ್ದದ್ದು ನಮ್ಮ ನಡುಮನೆಯಲ್ಲೇ ನಡೆಯುತ್ತಿತ್ತು. ಅಪ್ಪ ಬೈದ ದಿನವೆಲ್ಲ ಗುಂಡಿಗೆ ನೀರನ್ನೂ ಸುರಿಯುತ್ತಿದ್ದ ಎಂಬುದು ನನ್ನ ಪಟ್ಟಿಯಲ್ಲಿ ಇರಲಿಲ್ಲ. ಗಾಳಿಯ ದಿನ ಗುಂಡಿಗೆ ನೀರು ಹಾಕುವುದು ನಮಗೆ ಸೂರ್ಯ ಹುಟ್ಟಿದಷ್ಟೇ ಸಹಜ. ಅದನ್ನು ಯಾರು ಬರೆದುಕೊಳ್ಳುತ್ತಾರೆ?

ಅಮಾವಾಸ್ಯೆಗೆ ಎರಡು ದಿನ ಇರುವಾಗ ಅಪ್ಪ ನೇಯ್ದ ಸೀರೆ ಒಪ್ಪಿಸಲು ಕೊಯಮತ್ತೂರಿಗೆ ಹೊರಟ. ಹೊರಡುವ ಮುನ್ನ ಎಂದಿನಂತೆ ಬೈದ, ಎಂದಿನಂತೆ ಎರಡು ಕೊಡ ನೀರು ಸುರಿದ. ಅವನು ಬಸ್ಸು ಹತ್ತಿದ್ದು ಖಚಿತವಾದ ಮೇಲೆ ನಾನು ಅಣ್ಣನಿಗೆ ಹೇಳಿದೆ: ಈಗ ಬೈಯುವವರು ಮನೆಯಲ್ಲಿಲ್ಲ. ಕೂರು. ಅಪ್ಪನಿಗೆ ಇವತ್ತಿನವರೆಗೂ ಹೇಳದೆ ಉಳಿಸಿಕೊಂಡದ್ದನ್ನು ನನಗೆ ಹೇಳು. ಹೇಳುತ್ತ ಕಾಲು ಬಿಡು.

ಅಣ್ಣ ಕೂತ. ಅವನ ಎಡಗೈ ನನ್ನ ಕೈಯಲ್ಲಿತ್ತು. ನಾನು ಗುಂಡಿಯ ಅಂಚಿನ ಪಕ್ಕ, ಚಾಪೆಯ ಮೇಲೆ, ಮಡಿಲಲ್ಲಿ ನೋಟ್‌ಬುಕ್ ಇಟ್ಟುಕೊಂಡು ಕೂತಿದ್ದೆ.

"ನನಗೆ..." ಎಂದು ನಿಲ್ಲಿಸಿದ. ಕಾಲು ಗಾಳಿಯಲ್ಲಿ ನಡುಗುತ್ತಿತ್ತು. "ನನಗೆ ಈ ತರಿ ಬೇಡ. ಒಂದು ದಿನವೂ ಬೇಕಿರ್ಲಿಲ್ಲ. ಎಂಟನೇ ಕ್ಲಾಸು ಮುಗಿಸಿ ಬಂದ ದಿನ ಕೂರಿಸಿದ್ರು, ಕೂತೆ."

ಕಾಲು ಇಳಿಯಿತು. ನನ್ನ ಕಣ್ಣೆದುರಿಗೆ, ಬೆರಳು ಬೆರಳಾಗಿ, ಒದ್ದೆ ಮಣ್ಣಿನವರೆಗೆ ಇಳಿಯಿತು. ಅವನು ನನ್ನ ಮುಖ ನೋಡಿದ. ನಾನು ಅವನ ಕೈ ಬಿಟ್ಟು ಪೆನ್ನು ಹಿಡಿದೆ.

ಅಷ್ಟರಲ್ಲಿ ಅವ್ವ ಹಿಂದಿನಿಂದ ಬಂದಳು, ಸ್ವಿಚ್ಚು ಹಾಕಲು. ಮಗನ ಕಾಲು ಗುಂಡಿಯಲ್ಲಿದ್ದದ್ದನ್ನು ಕಂಡು ನಿಂತುಬಿಟ್ಟಳು. "ಅಯ್ಯೋ ನನ್ನ ರಾಸಾ!" ಎಂದಳು. ಅವಳು ಅಷ್ಟು ಬಾಯ್ತುಂಬ ನಕ್ಕದ್ದನ್ನು ನಾನು ಆ ತಿಂಗಳಲ್ಲಿ ನೋಡಿರಲಿಲ್ಲ. ನಗುತ್ತಲೇ ಸ್ವಿಚ್ಚು ಒತ್ತಿ, ನಗುತ್ತಲೇ ಒಳಗೆ ಹೋದಳು. ಮೋಟಾರು ಗುರ್ ಎಂದಿತು.

ಅಣ್ಣನ ಕತ್ತು ಹಿಂದಕ್ಕೆ ಬಿಗಿಯಿತು. ಬಾಯಿ ತೆರೆಯಿತು. ಹೊಟ್ಟೆಯ ಆಳದಿಂದ ಒಂದು ದನಿ ಬಂತು, ಮನುಷ್ಯರದಲ್ಲದ ದನಿ.

ಇಲ್ಲಿ ನಾನು ಮಾಡಿದ್ದನ್ನು ಇದ್ದಂತೆಯೇ ಬರೆಯಬೇಕು. ನನಗೆ ಸಂತೋಷವಾಯಿತು. ಹೂತದ್ದು ಹೊರಬರುತ್ತಿದೆ ಎಂದುಕೊಂಡೆ. ಆ ಗಳಿಗೆಯಲ್ಲಿ ತಡೆಯಬಾರದು, ಬರಲು ಬಿಡಬೇಕು ಎಂದು ಪುಸ್ತಕದಲ್ಲಿ ಓದಿದ್ದೆ. ಬಿಟ್ಟೆ. ಕಾದೆ. ಒಂದು ಉಸಿರು, ಇನ್ನೊಂದು, ಮೂರನೆಯದೂ ಇರಬಹುದು. ಇಂದಿಗೂ ಬಸ್ಸಿನಲ್ಲಿ, ಅಡುಗೆ ಮಾಡುವಾಗ, ಯಾರೋ ಕೆಮ್ಮಿದಾಗ ನಾನು ಆ ಉಸಿರುಗಳನ್ನು ಮತ್ತೆ ಎಣಿಸುತ್ತೇನೆ. ಪ್ರತಿ ಸಲವೂ ಬೇಗ ಎದ್ದೇಳಲು ನೋಡುತ್ತೇನೆ. ಒಂದು ಸಲವೂ ಏಳಲು ಆಗಿಲ್ಲ.

ಮಗ್ಗಕ್ಕೆ ಉದ್ದುದ್ದಕ್ಕೆ ಬಿಗಿದ ಎಳೆಗಳ ಹಾಸು ಅವನ ಎದೆಯ ಕೆಳಗೆ ಕಿತ್ತುಹೋಗುವ ಸದ್ದು ಕೇಳಿ, ಭುಜ ಹಿಡಿಯಲು ಕೈ ಚಾಚಿದೆ. ಏನೋ ನನ್ನನ್ನು ಎತ್ತಿ ಗೋಡೆಗೆ ಎಸೆಯಿತು. ತಲೆ ಗೋಡೆಗೆ ಬಡಿದಾಗ ಅರ್ಥವಾಯಿತು. ಮನಸ್ಸು ಹೀಗೆ ಎಸೆಯುವುದಿಲ್ಲ.

ಸ್ವಿಚ್ಚಿನವರೆಗೆ ಹೇಗೆ ಹೋದೆ ಎಂಬುದು ಮಾತ್ರ ನೆನಪಿಲ್ಲ. ಉಳಿದದ್ದೆಲ್ಲ ನೆನಪಿದೆ: ಮೋಟಾರು ನಿಧಾನವಾಗಿ ನಿಂತದ್ದು, ಅಣ್ಣ ಕಿತ್ತ ಎಳೆಗಳ ಮೇಲೆ ಮುಖ ಅಡಿಯಾಗಿ ಬಿದ್ದದ್ದು, ಒಳಗಿಂದ ಅವ್ವ "ಕರಂಟು ಹೋತಾ?" ಎಂದು ಕೇಳಿದ್ದು.

ಅಣ್ಣ ಬದುಕಿದ. ಆಸ್ಪತ್ರೆಯಲ್ಲಿ ಐದು ದಿನ ಇಟ್ಟುಕೊಂಡರು. ಬಲ ಹಿಮ್ಮಡಿ ಸುಟ್ಟಿತ್ತು. ಇನ್ನು ಸ್ವಲ್ಪ ಹೊತ್ತು ಹೋಗಿದ್ದರೆ ಹೃದಯ ನಿಲ್ಲುತ್ತಿತ್ತು ಎಂದು ಅಲ್ಲಿಯ ಡಾಕ್ಟರು ಅಪ್ಪನಿಗೆ ಹೇಳುವಾಗ ನಾನು ಪಕ್ಕದಲ್ಲೇ ನಿಂತಿದ್ದೆ.

ಮೂರನೆಯ ದಿನ ವಯರ್‌ಮನ್ ಬಂದು ನೆಲ ಅಗೆದ. ಅಣ್ಣನ ಗುಂಡಿಯ ಅಂಚಿಗೆ ಒಂದು ಗೇಣು ದೂರದಲ್ಲಿ ವಯರಿನ ಕೂಡು ಸಿಕ್ಕಿತು. ಉದ್ದ ಸಾಲದೆ ಅಪ್ಪ ಎರಡು ತುಂಡು ಕೂಡಿಸಿದ್ದ. ಕಡಿದ ಎಳೆಯನ್ನು ನೇಕಾರರು ಕೂಡಿಸುವ ಹಾಗೆಯೇ, ಗಂಟೇ ಕಾಣದಂತೆ ಹೊಸೆದು, ಮೇಲೆ ಕಪ್ಪು ಟೇಪಿನ ಬದಲು ರೇಷ್ಮೆಯ ಚೂರುನೂಲನ್ನು ಬಿಗಿಯಾಗಿ, ಒಂದರ ಪಕ್ಕ ಒಂದು, ಅಂದವಾಗಿ ಸುತ್ತಿದ್ದ. ವಯರ್‌ಮನ್ ಅದನ್ನು ಅಂಗೈಯಲ್ಲಿಟ್ಟು ಬಹಳ ಹೊತ್ತು ನೋಡಿದ.

"ಯಾರ್ ಸಾಮಿ ಸುತ್ತಿದ್ದು? ಒಡವೆ ಮಾಡಿದಂಗಿದೆ," ಎಂದ ತಮಿಳಿನಲ್ಲಿ. "ಒಣಗಿದ್ರೆ ರೇಷ್ಮೆ ಕರಂಟು ತಡೀತದೆ, ಇಲ್ಲ ಅನ್ನಲ್ಲ. ನೆನೆದ್ರೆ?"

ತಿಂಗಳಿಡೀ ಗುಂಡಿಯ ನೀರು ಆ ಕೂಡಿಗೆ ಇಂಗುತ್ತಿತ್ತು. ಮೋಟಾರು ಓಡಿದಾಗಲೆಲ್ಲ ಒದ್ದೆ ಮಣ್ಣಿನಿಂದ ಅಣ್ಣನ ಬಲಗಾಲಿಗೆ ಸಣ್ಣದಾಗಿ ತಾಗುತ್ತಿತ್ತು. ಅವನು ಅದನ್ನು ಜೋಮು ಎಂದುಕೊಂಡ. ಕಾಲು ಹಾಗೆ ಅಂದುಕೊಳ್ಳಲಿಲ್ಲ. ಕಡೆಯ ದಿನ ಕೂಡಿನ ಸುತ್ತ ನೀರು ನಿಂತಿತ್ತು.

ಅಣ್ಣ ಮನೆಗೆ ಬಂದ ದಿನ ಸಂಜೆ ಅಪ್ಪ ನನ್ನ ಮೂರು ಪುಸ್ತಕಗಳನ್ನು ತಂದು ತನ್ನ ಮಗ್ಗದ ಮುಂದೆ ಇಟ್ಟ. ಅತ್ತೆಯೂ ಬಂದು ಕಂಬಕ್ಕೆ ಒರಗಿ ನಿಂತಳು. ನಮ್ಮಲ್ಲಿ ಮಗ್ಗದ ತೋಳಿನ ಮೇಲೆ ಕೈಯಿಟ್ಟು ಆಡಿದ ಮಾತು ತಪ್ಪುವಂತಿಲ್ಲ. ಕುಡಿತ ಬಿಡುವವರು, ಜಗಳ ಬಿಡುವವರು ಹಾಗೆಯೇ ಬಿಡುವುದು.

"ತರಿ ಮುಟ್ಟಿ ಸತ್ಯ ಮಾಡು," ಎಂದ ಅಪ್ಪ. "ಇನ್ನು ಈ ಪುಸ್ತಕ ಮುಟ್ಟಲ್ಲ, ಕಾಲೇಜಿಗೆ ಹೋಗಲ್ಲ ಅಂತ. ಓದಿ ಓದಿ ಒಡಹುಟ್ಟಿದವನ ಜೀವ ತೆಗೀತಿದ್ದೆ."

"ವಯರು ಯಾರು ಹಾಕಿದ್ದು ಅಪ್ಪಾ?"

ಅತ್ತೆ ಬಾಯಿಗೆ ಸೆರಗು ಹಿಡಿದಳು. ಅಪ್ಪನ ಕೈ ಮೇಲೆದ್ದಿತು, ಅಲ್ಲೇ ನಿಂತಿತು. ಆ ಮಾತಿಗೆ ನಾನು ಆಮೇಲೆ ನೊಂದಿದ್ದೇನೆ. ಅವನೂ ಒಳ್ಳೆಯದಕ್ಕೇ ಸುತ್ತಿದ್ದು. ಆದರೆ ಮುಂದೆ ಆಡಿದ ಮಾತಿಗೆ ನೊಂದಿಲ್ಲ.

"ನೀನು ಸೋಂಬೇರಿ ಅಂದೆ. ಅತ್ತೆ ಹೊಳೇಲಿ ಯಾವುದೋ ಹಿಡಿದಿದೆ ಅಂದ್ಳು. ಡಾಕ್ಟ್ರು ಏನೂ ಇಲ್ಲೆ ಅಂದ್ರು. ಕಾಲು ಸುಮ್ನೆ ಹಠ ಮಾಡಲ್ಲ, ಅದಕ್ಕೆ ಏನೋ ತಿಳಿದಿದೆ ಅಂದದ್ದು ಈ ಪುಸ್ತಕ ಒಂದೇ. ಅದು ನಿಜ ಆತಾ ಇಲ್ವಾ? ಏನು ತಿಳಿದಿದೆ ಅಂತ ತಪ್ಪಾಗಿ ಓದಿದ್ದು ನಾನು. ಆ ತಪ್ಪು ನಂದು. ಪುಸ್ತಕದ್ದಲ್ಲ."

"ಬಾಯಿ ನೋಡು, ಬಾಯಿ!" ಎಂದಳು ಅತ್ತೆ.

"ಅಮಾವಾಸ್ಯೆಗೆ ಬರೆ ಹಾಕ್ಸಿ ಕರ್ಕೊಂಡು ಬಂದು ಅದೇ ಗುಂಡೀಲಿ ಕೂರಿಸ್ತಿದ್ರಿ ಅತ್ತೆ. ನೀವು, ಅಪ್ಪ, ಎಲ್ಲಾ ಸೇರಿ. ಆಗ ಸ್ವಿಚ್ಚು ಆರಿಸೋಕೆ ನಾನು ಮನೇಲಿರ್ತಿರ್ಲಿಲ್ಲ, ಬಸ್ಸಿನಲ್ಲಿರ್ತಿದ್ದೆ."

ನಾನು ಮಗ್ಗದ ತೋಳಿನ ಮೇಲೆ ಕೈಯಿಟ್ಟೆ. ಮರ ಅಪ್ಪನ ಅಂಗೈ ತಾಗಿ ತಾಗಿ ನುಣುಪಾಗಿತ್ತು. "ನಾ ಓದ್ತೀನಿ. ಈ ಸಲಕ್ಕಿಂತ ಸರಿಯಾಗಿ ಓದ್ತೀನಿ. ಸತ್ಯ."

ಹಾಗೆ ಯಾರೂ ಸತ್ಯ ಮಾಡಿದ್ದಿಲ್ಲ. ಮಗ್ಗ ಮುಟ್ಟುವುದು ಬಿಡುವುದಕ್ಕೇ. ಅತ್ತೆ ಎರಡೂ ಕಿವಿ ಮುಚ್ಚಿಕೊಂಡು ಮನೆಗೆ ಹೋದಳು. ಬೀದಿಗೆಲ್ಲ ಸುದ್ದಿ ಹೋದದ್ದು ಅಲ್ಲಿಂದಲೇ. ಅಪ್ಪ ಪುಸ್ತಕಗಳ ಕಡೆ ನೋಡಲಿಲ್ಲ, ನನ್ನ ಕಡೆಯೂ ನೋಡಲಿಲ್ಲ. ನಾನು ಬಗ್ಗಿ ಮೂರನ್ನೂ ಎತ್ತಿಕೊಂಡೆ. ಮರುದಿನ ಬಸ್ಸು ಹತ್ತಿದೆ. ನನ್ನನ್ನು ತಡೆಯಲು ಯಾರಾದರೂ ಬಾಗಿಲಲ್ಲಿ ನಿಂತಿದ್ದರೆ ಏನು ಮಾಡುತ್ತಿದ್ದೆ ಎಂದು ಯೋಚಿಸಿಟ್ಟುಕೊಂಡಿದ್ದೆ. ಯಾರೂ ನಿಂತಿರಲಿಲ್ಲ.

ಹಿಮ್ಮಡಿಯ ಗಾಯ ಮಾಯಲು ಎರಡು ವಾರ ಬೇಕಾಯಿತು. ಆವಣಿ ಹುಟ್ಟಿತ್ತು. ಆ ಹೊತ್ತಿಗೆ ವಯರು ಕಿತ್ತು, ಗೋಡೆಯ ಮೇಲೆ ಹೊಸತು ಎಳೆದಾಗಿತ್ತು. ಗುಂಡಿಯ ಮಣ್ಣನ್ನು ಅಪ್ಪ ತಾನೇ ತೆಗೆದು ಹೊಸ ಮಣ್ಣು ಬಡಿದು ಒಣಗಿಸಿದ್ದ. ಕಿತ್ತುಹೋದ ಹಾಸನ್ನು ಎಳೆ ಎಳೆಯಾಗಿ ಕೂಡಿಸಿ, ಸೀರೆ ಎಲ್ಲಿ ನಿಂತಿತ್ತೋ ಅಲ್ಲಿಗೆ ತಂದು ಇಟ್ಟಿದ್ದ. ಅಷ್ಟು ಕೆಲಸವನ್ನು ಅವನು ಒಬ್ಬನೇ, ಯಾರೊಡನೆಯೂ ಮಾತಾಡದೆ ಮಾಡಿದ. ಒಂದು ಬೆಳಿಗ್ಗೆ ಅಣ್ಣನನ್ನು ಕರೆದ.

"ಬಾ. ಈಗ ಏನೂ ಇಲ್ಲೆ. ಮೋಟಾರು ಹಾಕಿ ನಾನೇ ಕಾಲಿಟ್ಟು ನೋಡಿದೀನಿ."

ಅಣ್ಣ ಅಂಚಿನಲ್ಲಿ ಕೂತ. ಅವ್ವ ರಾಟೆ ಬಿಟ್ಟು ಎದ್ದು ಬಂದಳು. ಸ್ವಿಚ್ಚಿನ ಹತ್ತಿರ ನಾನು ನಿಂತಿದ್ದೆ, ಯಾರೂ ಒತ್ತದಂತೆ ಕೈ ಅದರ ಮೇಲೆಯೇ ಇತ್ತು. ಅವನು ಎಡಗಾಲು ಇಳಿಬಿಟ್ಟ. ಬಲಗಾಲು ಎತ್ತಿದ. ಅದು ಕಟ್ಟಿಗೆಯಾಗಲಿಲ್ಲ. ಸಲೀಸಾಗಿ ಇಳಿದು ತುಳಿಮಣೆಯ ಮೇಲೆ ಕೂತಿತು. ಒಮ್ಮೆ ತುಳಿದ. ಹಾಸಿನ ಎಳೆಗಳು ಮೇಲೆ ಕೆಳಗೆ ಬೇರಾಗಿ ಬಾಯಿ ಬಿಟ್ಟವು. ಅವ್ವ ಅಳಲು ಶುರುಮಾಡಿದಳು.

ಅಣ್ಣ ಎರಡೂ ಕಾಲನ್ನು ಹೊರಗೆ ತೆಗೆದ. ಎದ್ದು ನಿಂತು ಲುಂಗಿ ಕೊಡವಿಕೊಂಡ.

"ಕಾಲು ಇಳೀತದೆ ಅಪ್ಪಾ," ಎಂದ. "ನಾನು ಇಳಿಯಲ್ಲ."

ನಾನು ಅಪ್ಪನ ಮುಖ ನೋಡಲು ಹೆದರಿದೆ. ಬೈಗುಳಕ್ಕೆ ಕಾದೆವು, ಮೂವರೂ. ಅಪ್ಪ ತನ್ನ ಮಗ್ಗದ ಅಂಚಿನಲ್ಲಿ ಕೂತು ಎರಡೂ ಅಂಗೈಗಳನ್ನು ತೊಡೆಯ ಮೇಲೆ ತಿಕ್ಕಿಕೊಂಡ. ಆಮೇಲೆ ಕೇಳಿದ, ದನಿ ಎತ್ತರಿಸದೆ: "ಹಂಗಾದ್ರೆ ಏನ್ ಮಾಡ್ಬೇಕೂಂತ ಇದೀಯಾ?"

ಆ ಪ್ರಶ್ನೆಯನ್ನು ಆ ಮನೆಯಲ್ಲಿ ಅಣ್ಣನಿಗೆ ಯಾರೂ ಕೇಳಿರಲಿಲ್ಲ. ನಾನೂ ಕೇಳಿರಲಿಲ್ಲ, ಕನಸಿನ ಬಗ್ಗೆ ಕೇಳಿದ್ದೆ, ಇರುವೆಯ ಬಗ್ಗೆ ಕೇಳಿದ್ದೆ, ಇದನ್ನು ಕೇಳಿರಲಿಲ್ಲ. ಅಣ್ಣ ತಲೆ ಕೆರೆದುಕೊಂಡು ನನ್ನ ಕಡೆ ನೋಡಿದ. ಅವನೇ ಹೇಳಲಿ ಎಂದು ಕಾದೆ, ಸ್ವಿಚ್ಚಿನಿಂದ ಕೈ ತೆಗೆಯದೆ.